ಹಸಿರು ಗೆರೆಯನ್ನು ತಿರುಗಿಸಿ ನೋಡಿದ ಮೇಲೆ

ಅಮ್ಮನ ಕೋಣೆಯಿಂದ ನಡುಮನೆಗೆ ಬರುವ ಬಾಗಿಲಿನ ಬುಡದಲ್ಲಿ 13 ಮಿಲಿಮೀಟರ್ ವ್ಯತ್ಯಾಸ ಬಂದಿತ್ತು. ಹೆಬ್ಬೆರಳಿನ ಅಗಲದಷ್ಟೂ ಇಲ್ಲ. ಆ ಬಾಗಿಲಿಗೆ ಅಡ್ಡವಾಗಿ ಮೂರು ವಾರಗಳಿಂದ ಟೈಲ್ಸ್ ಪೆಟ್ಟಿಗೆಗಳನ್ನು ಒಟ್ಟಿದ್ದೆವು. ಉಳಿದ ಕೋಣೆಗಳ ನೆಲ ಮುಗಿದ ಮೇಲೆ ಕೊನೆಗೆ ಇಲ್ಲಿ ಕೂಡಿಸಿದರಾಯಿತು ಎಂಬ ಲೆಕ್ಕ. ಪೆಟ್ಟಿಗೆ ಸರಿಸಿ, ಧೂಳು ಗುಡಿಸಿ, ಎರಡೂ ಕಡೆಯ ನೆಲಕ್ಕೆ ತಾಗುವಂತೆ ಮಟ್ಟಗೋಲು ಇಟ್ಟಾಗ ಅದು ನಡುಮನೆಯ ಕಡೆ ನೆಲ ಮುಟ್ಟಲೇ ಇಲ್ಲ. ಟೈಲ್ಸ್ ಹಾಕುವ ಹುಡುಗ ಬಗ್ಗಿ ನೋಡಿದ, ಎದ್ದ, ಮತ್ತೆ ಬಗ್ಗಿದ. "ಹೇಗೆ ಸಾಧ್ಯ ಸರ್? ಎಲ್ಲ ಲೇಸರ್ ಇಟ್ಟೇ ಮಾಡಿದ್ದು" ಎಂದ. ನನ್ನ ಬಾಯಿಗೂ ಅದೇ ಮಾತು ಬಂದಿತ್ತು. ಗೋಡೆಯ ಮೇಲೆ ಬೆಳಕಿನ ಗೆರೆ ಬೀಳಿಸಿ ಮಟ್ಟ ತೋರಿಸುವ ಆ ಲೇಸರ್ ಲೆವೆಲ್ಲನ್ನು ತರಿಸಿಕೊಟ್ಟವನು ನಾನು.

ಸಾಗರದ ಹತ್ತಿರದ ನಮ್ಮ ಹಳೆಯ ಮನೆಯನ್ನು ಕಳೆದ ವರ್ಷ ದುರಸ್ತಿ ಮಾಡಿಸಿದೆವು. ಅಪ್ಪ ಹೋದ ಮೇಲೆ ಅಮ್ಮ ಒಬ್ಬರೇ ಅಲ್ಲಿರುವುದು. ಹಳೆಯ ಮನೆಗಳ ಸ್ವಭಾವವೇ ಹಾಗೆ: ಪ್ರತಿ ಬಾಗಿಲಿಗೂ ಒಂದು ಹೊಸ್ತಿಲು, ಪ್ರತಿ ಹೊಸ್ತಿಲಿಗೂ ಒಂದು ಎತ್ತರ. ಎಪ್ಪತ್ತೆಂಟರ ಅಮ್ಮನ ಕಾಲು ಈಗ ನೆಲ ಬಿಟ್ಟು ಹೆಚ್ಚು ಮೇಲೇಳುವುದಿಲ್ಲ. ಇಡೀ ನೆಲ ಒಂದೇ ಮಟ್ಟಕ್ಕೆ ಬರಬೇಕು, ಎಲ್ಲಿಯೂ ಕಾಲು ಎಡವಬಾರದು ಎಂಬ ಒಂದೇ ಕಾರಣಕ್ಕೆ ಇಷ್ಟು ಖರ್ಚಿಗೆ ಇಳಿದದ್ದು. ದೊಡ್ಡ ಮೆಟ್ಟಿಲಾದರೆ ಕಣ್ಣಿಗೆ ಕಾಣುತ್ತದೆ. ಬೀಳಿಸುವುದು ಇಂಥ 13 ಮಿಲಿಮೀಟರ್. ಅದು ಬಂದದ್ದೂ ಬೇರೆಲ್ಲೂ ಅಲ್ಲ, ಅವರು ರಾತ್ರಿ ಎದ್ದು ನೀರು ಕುಡಿಯಲು ಬರುವ ಬಾಗಿಲಲ್ಲೇ.

ಆ ದಿನ ಕೆಲಸ ನಿಲ್ಲಿಸಿದೆವು. ತಪ್ಪು ಯಾರದು ಎನ್ನುವುದಕ್ಕಿಂತ ತಪ್ಪು ಎಲ್ಲಿ ಹುಟ್ಟಿತು ಎನ್ನುವುದು ನನ್ನನ್ನು ಕೊರೆಯತೊಡಗಿತು. ಹುಡುಗನ ಕೈ ಒಳ್ಳೆಯದು. ಅವನು ಹಾಕಿದ ಒಂದೊಂದು ಕೋಣೆಯೂ ಕನ್ನಡಿಯಂತಿದೆ. ಅಡುಗೆಮನೆಯಲ್ಲಿ ತಪ್ಪಿಲ್ಲ, ಹಿಂದಿನ ವರಾಂಡದಲ್ಲಿ ತಪ್ಪಿಲ್ಲ, ಅಮ್ಮನ ಕೋಣೆಯಲ್ಲೂ ಇಲ್ಲ. ಎಲ್ಲವೂ ಸರಿಯಿದ್ದು, ಸುತ್ತಿ ಬಂದು ಹೊರಟ ಜಾಗ ಸೇರಿದಾಗ ಮಾತ್ರ ಕೂಡುತ್ತಿಲ್ಲ. ನಾನು ಇಪ್ಪತ್ತು ವರ್ಷದಿಂದ ಸಹಕಾರ ಸಂಘವೊಂದರಲ್ಲಿ ಲೆಕ್ಕ ಬರೆಯುವವನು. ಸಂಜೆ ತಾಳೆ ಬಾರದಿದ್ದರೆ ಆ ದಿನದ ಯಾವುದೋ ಒಂದು ಚೀಟಿಯಲ್ಲಿ ತಪ್ಪಿದೆ ಎಂದು ನಮಗೆ ಗೊತ್ತು. ಪ್ರತಿ ಚೀಟಿಯಲ್ಲೂ ಒಂದೇ ಬಗೆಯ ಸಣ್ಣ ತಪ್ಪಿದ್ದರೆ? ಹುಡುಕುವುದು ಕಷ್ಟ. ಯಾವ ಚೀಟಿಯನ್ನು ಎತ್ತಿ ಪಕ್ಕದ ಚೀಟಿಯೊಂದಿಗೆ ಹೋಲಿಸಿದರೂ ಅದು ಸರಿಯಾಗಿಯೇ ಕಾಣುತ್ತದೆ.

ಮರುದಿನ ಮೇಸ್ತ್ರಿ ಬಂದರು. ಗೋಡೆ, ಗಾರೆ ಅವರ ಜವಾಬ್ದಾರಿ, ನೆಲ ಅವರದಲ್ಲ. ಆದರೂ ನಾನು ಕರೆದೆ ಎಂದು ಬಂದರು. ಬರುವಾಗ ಸೈಕಲ್ಲಿನ ಹಿಂದೆ ಸುರುಳಿ ಸುತ್ತಿದ ಪಾರದರ್ಶಕ ಪೈಪು ತಂದಿದ್ದರು; ಅದರಲ್ಲಿ ನೀರು ತುಂಬಿದರೆ ಎರಡೂ ತುದಿಯಲ್ಲಿ ನೀರು ಒಂದೇ ಮಟ್ಟಕ್ಕೆ ನಿಲ್ಲುತ್ತದೆ. ಬಕೆಟ್ಟಿನಿಂದ ನೀರು ಎಳೆದು ತುಂಬಿ, ಪೈಪಿನ ಉದ್ದಕ್ಕೂ ಬೆರಳಿನಿಂದ ತಟ್ಟುತ್ತಾ ಒಂದೊಂದೇ ಗಾಳಿಗುಳ್ಳೆಯನ್ನು ಓಡಿಸಿದರು. ಅದಕ್ಕೇ ಕಾಲು ಗಂಟೆ ಹಿಡಿಯಿತು. ನಡುವೆ ಗುಳ್ಳೆ ಸಿಕ್ಕಿಕೊಂಡಿದ್ದರೆ ನೀರು ಸುಳ್ಳು ಹೇಳುತ್ತದೆ, ಪೈಪು ಎಲ್ಲಾದರೂ ಮಡಚಿದ್ದರೂ ಹೇಳುತ್ತದೆ, ಅರ್ಧ ಪೈಪು ಬಿಸಿಲಲ್ಲಿ ಅರ್ಧ ನೆರಳಲ್ಲಿ ಬಿದ್ದಿದ್ದರೂ ಹೇಳುತ್ತದೆ ಎಂದರು. ನೆಲದ ಮಟ್ಟಕ್ಕೆಂದು ಲೇಸರಿನಿಂದ ಕೋಣೆ ಕೋಣೆಗೂ ಗುರುತು ಹಾಕಿದ್ದೆವು. ಪೈಪಿನ ಒಂದು ತುದಿಯನ್ನು ನಡುಮನೆಯ ಕಂಬದ ಮೊದಲ ಗುರುತಿಗೆ ನಾನು ಹಿಡಿದೆ, ಇನ್ನೊಂದನ್ನು ಅವರು ಅಮ್ಮನ ಕೋಣೆಯ ಗೋಡೆಯ ಕೊನೆಯ ಗುರುತಿಗೆ ಹಿಡಿದರು. ನೀರು ತೂಗಾಡಿ ತೂಗಾಡಿ ನಿಂತಿತು. ನನ್ನ ಕಡೆ ನೀರು ಗುರುತಿಗೆ ಸರಿಯಾಗಿ ನಿಂತಾಗ ಅವರ ಕಡೆ ಗುರುತು ನೀರಿಗಿಂತ ಮೇಲಿತ್ತು. ಅಳತೆಪಟ್ಟಿ ಹಿಡಿದು ನೋಡಿದೆವು: ಅದೇ 13. ನೆಲ ಹಾಕಿದವನು ತಪ್ಪಿಲ್ಲ, ಗುರುತೇ ತಪ್ಪಿದೆ ಎಂದಾಯಿತು. "ಗುರುತು ಹಾಕಿದ್ದು ಯಾವುದು ಸ್ವಾಮಿ? ಅದನ್ನು ತನ್ನಿ, ನೋಡೋಣ" ಎಂದರು ಮೇಸ್ತ್ರಿ.

ಒಂದೇ ಮಾತನ್ನು ನೂರು ಸಲ

ಆ ಉಪಕರಣ ಕೈಗೆ ಬಂದ ದಿನ ನನಗಾದ ಸಂತೋಷವನ್ನು ಮುಚ್ಚಿಡುವುದಿಲ್ಲ. ಅಂಗೈಯಗಲದ ಪೆಟ್ಟಿಗೆ. ಮುಕ್ಕಾಲಿಯ ಮೇಲೆ ಕೂರಿಸಿ ಗುಂಡಿ ಒತ್ತಿದರೆ ಒಂದು ಅಡ್ಡಗೆರೆ, ಒಂದು ಉದ್ದಗೆರೆ. ಮೊದಲು ಸ್ವಲ್ಪ ತೂಗುತ್ತವೆ, ಎರಡು ಮೂರು ಸೆಕೆಂಡಿನಲ್ಲಿ ನಿಲ್ಲುತ್ತವೆ. ಹಗಲಿನ ಬೆಳಕಿಗೆ ಹೊಂದಿಕೊಂಡ ಮನುಷ್ಯನ ಕಣ್ಣು ಅತಿ ಹೆಚ್ಚು ಸ್ಪಂದಿಸುವುದು 555 ನ್ಯಾನೊಮೀಟರ್ ಆಸುಪಾಸಿನ ಹಸಿರಿಗೆ. ಆದ್ದರಿಂದಲೇ ಅಷ್ಟೇ ಶಕ್ತಿಯ ಕೆಂಪು ಗೆರೆಗಿಂತ ಹಸಿರು ಗೆರೆ ಹೆಚ್ಚು ನಿಚ್ಚಳವಾಗಿ ಕಾಣುತ್ತದೆ. ಆ ನಿಚ್ಚಳತನವೇ ನಮ್ಮನ್ನು ದಾರಿ ತಪ್ಪಿಸಿತು ಎಂದು ಈಗ ಅನಿಸುತ್ತದೆ. ಪೆನ್ಸಿಲ್ ಗೆರೆಯನ್ನು ನಾವು ಅನುಮಾನಿಸುತ್ತೇವೆ, ಅದು ಮನುಷ್ಯನ ಕೈಯದು. ಬೆಳಕಿನ ಗೆರೆಯನ್ನು ಅನುಮಾನಿಸಲು ಮನಸ್ಸು ಬರುವುದಿಲ್ಲ. ಬೆಳಕು ಡೊಂಕಾಗಿ ಹೋಗುವುದಿಲ್ಲವಲ್ಲ ಎಂದುಕೊಳ್ಳುತ್ತೇವೆ.

ಬೆಳಕು ನೇರವಾಗಿಯೇ ಹೋಗುತ್ತದೆ. ಆದರೆ ನೇರವಾಗಿ ಎತ್ತ ಹೋಗಬೇಕು ಎಂದು ಅದಕ್ಕೆ ಹೇಳುವವರು ಯಾರು? ಪೆಟ್ಟಿಗೆಯ ಒಳಗೆ ಒಂದು ಲೋಲಕವಿದೆ. ಅದರ ಮೈಗೆ ಲೇಸರ್ ದೀಪವನ್ನು ಬಿಗಿದಿದ್ದಾರೆ. ಲೋಲಕ ಭೂಮಿಯ ಸೆಳೆತಕ್ಕೆ ತೂಗಿ ನಿಲ್ಲುತ್ತದೆ, ಬೇಗ ನಿಲ್ಲಲಿ ಎಂದು ಬಳಿಯಲ್ಲಿ ಆಯಸ್ಕಾಂತಗಳಿವೆ. ಮೇಸ್ತ್ರಿಗಳ ಕೈಚೀಲದಲ್ಲಿರುವ ತೂಗುಗುಂಡೇ ಇದು. ದಾರದ ಬದಲು ನವಿರಾದ ತಿರುಗಣಿ, ಗುಂಡಿಗೆ ಒಂದು ದೀಪ. ತೂಗುಗುಂಡಿನ ದಾರ ತಾನಾಗಿಯೇ ಲಂಬ. ಅದನ್ನು ಯಾರೂ ಸರಿಪಡಿಸಬೇಕಿಲ್ಲ, ಗಾಳಿ ಬೀಸದಿದ್ದರೆ ಸಾಕು. ಲೇಸರ್ ದೀಪ ಹಾಗಲ್ಲ. ಲೋಲಕದ ಮೈಗೆ ಅದನ್ನು ಸರಿಯಾದ ಕೋನದಲ್ಲಿ ಕೂರಿಸಿದ್ದು ಕಾರ್ಖಾನೆಯ ಯಾವುದೋ ಮೇಜಿನ ಮೇಲೆ ಯಾರೋ ಒಬ್ಬರ ಕೈ. ಆ ಕೋನ ಕೂದಲೆಳೆಯಷ್ಟು ತಪ್ಪಿದ್ದರೂ ಲೋಲಕ ಪ್ರತಿ ಸಲ ನಿಷ್ಠೆಯಿಂದ ತೂಗಿ ನಿಲ್ಲುತ್ತದೆ, ಪ್ರತಿ ಸಲವೂ ಅದೇ ತಪ್ಪು ಎತ್ತರವನ್ನು ತೋರಿಸುತ್ತದೆ.

ನಾವು ಮೋಸಹೋದದ್ದು ಇಲ್ಲಿ. ಮುಕ್ಕಾಲಿಯನ್ನು ಅಲುಗಿಸಿದೆವು, ಗೆರೆ ವಾಪಸು ಅಲ್ಲಿಗೇ ಬಂತು. ಆರಿಸಿ ಹಚ್ಚಿದೆವು, ಅಲ್ಲಿಗೇ ಬಂತು. ಇದನ್ನು ಕಂಡು ನಾನೂ ಹುಡುಗನೂ ತಲೆದೂಗಿದೆವು. ಪದೇ ಪದೇ ಒಂದೇ ಮಾತು ಹೇಳುವ ಸಾಕ್ಷಿಯನ್ನು ನಂಬುವುದು ಮನುಷ್ಯನ ಸ್ವಭಾವ. ಒಂದೇ ಮಾತು ಹೇಳುವುದು ಬೇರೆ, ನಿಜ ಹೇಳುವುದು ಬೇರೆ. ಉಪಕರಣಗಳ ವಿಷಯದಲ್ಲಿ ಈ ಎರಡನ್ನೂ ಬೇರ್ಪಡಿಸಿ ನೋಡುವುದನ್ನು ನಮ್ಮ ಶಾಲೆಗಳು ಮಕ್ಕಳಿಗೆ ಗಟ್ಟಿಯಾಗಿ ಕಲಿಸಬೇಕು ಎಂದು ನನಗೆ ಅನಿಸುತ್ತದೆ. ನನಗಂತೂ ಯಾರೂ ಕಲಿಸಿರಲಿಲ್ಲ.

ಪೆಟ್ಟಿಗೆಯ ಮೇಲೆ "10 ಮೀಟರಿಗೆ 3 ಮಿಲಿಮೀಟರ್" ಎಂದು ಅಚ್ಚಾಗಿತ್ತು. ಅದನ್ನು ನಾನು ಹೊಗಳಿಕೆಯಂತೆ ಓದಿಕೊಂಡಿದ್ದೆ. ಅದು ಅವರು ತಮಗೆ ತಾವೇ ಇಟ್ಟುಕೊಂಡ ರಿಯಾಯಿತಿ. ಮೀಟರಿಗೆ 0.3 ಮಿಲಿಮೀಟರ್, ಅಂದರೆ ಒಂದು ಡಿಗ್ರಿಯ ಅರವತ್ತನೇ ಒಂದು ಪಾಲಿನಷ್ಟು, ಮೇಲಕ್ಕಾಗಲಿ ಕೆಳಕ್ಕಾಗಲಿ ತಪ್ಪಿದರೂ ಆ ಉಪಕರಣ ಅವರ ಪಾಲಿಗೆ ಸರಿಯೇ. ಹೊಚ್ಚ ಹೊಸದಾಗಿ ಪೆಟ್ಟಿಗೆಯಿಂದ ತೆಗೆದಾಗಲೂ ಅಷ್ಟು ತಪ್ಪಿರಬಹುದು ಎಂದು ಅವರೇ ಬರೆದು ಕೊಟ್ಟಿದ್ದರು. ನಾನು ಓದಿದೆ, ಅರ್ಥ ಮಾಡಿಕೊಳ್ಳಲಿಲ್ಲ.

ತಕ್ಕಡಿಯ ತಟ್ಟೆ

ಮೇಸ್ತ್ರಿ ಲೇಸರ್ ಪೆಟ್ಟಿಗೆಯನ್ನು ಕೈಯಲ್ಲಿ ಹಿಡಿದು ಎಲ್ಲ ಬದಿಯಿಂದ ನೋಡಿದರು. ಅವರಿಗೆ ಅದರ ಬಳಕೆ ಇಲ್ಲ. "ಇದನ್ನು ತಿರುಗಿಸಿ ನೋಡಿದ್ದೀರಾ?" ಎಂದು ಕೇಳಿದರು. ನನಗೆ ಪ್ರಶ್ನೆ ತಿಳಿಯಲಿಲ್ಲ. ಅವರು ತಮ್ಮ ಚೀಲದಿಂದ, ಒಳಗಿನ ಗಾಳಿಗುಳ್ಳೆ ನೋಡಿ ಮಟ್ಟ ತಿಳಿಯುವ ರಸಮಟ್ಟ ತೆಗೆದು ಕಿಟಕಿಯ ಕಟ್ಟೆಯ ಮೇಲಿಟ್ಟರು. ಗುಳ್ಳೆ ಬಲಗೆರೆಗೆ ಸ್ವಲ್ಪ ತಾಗಿ ನಿಂತಿತು. ಆಮೇಲೆ ರಸಮಟ್ಟವನ್ನು ಅದೇ ಜಾಗದಲ್ಲಿ ಹಿಂದುಮುಂದು ಮಾಡಿ ಇಟ್ಟರು. ಗುಳ್ಳೆ ಮತ್ತೆ ಕಿಟಕಿಯ ಬಲಗಡೆಗೇ, ಅಷ್ಟೇ ದೂರಕ್ಕೆ ನಿಂತಿತು. "ಕಟ್ಟೆ ಬಲಕ್ಕೆ ಎದ್ದಿದೆ, ಮಟ್ಟ ಸರಿಯಿದೆ. ತಿರುಗಿಸಿದಾಗ ಗುಳ್ಳೆ ಎಡಕ್ಕೆ ಹೋಗಿದ್ದರೆ ಮಟ್ಟದಲ್ಲೇ ದೋಷ" ಎಂದರು. ಈ ಕೆಲಸವನ್ನು ಅವರು ಪ್ರತಿ ಬೆಳಿಗ್ಗೆ, ಕರಣೆ ಹಿಡಿಯುವ ಮುಂಚೆ ಮಾಡುತ್ತಾರಂತೆ. ಮೂರು ತಿಂಗಳು ನಮ್ಮ ಮನೆಯಲ್ಲಿ ಕೆಲಸ ಮಾಡಿದ್ದರು, ನಾನು ಒಮ್ಮೆಯೂ ಗಮನಿಸಿರಲಿಲ್ಲ.

ಅವರು ಹಾಗೆ ತಿರುಗಿಸಿ ಇಟ್ಟ ಕ್ಷಣದಲ್ಲಿ ನನಗೆ ಅಜ್ಜಿ ನೆನಪಾದರು. ಸಂತೆಯಲ್ಲಿ ಮೆಣಸಿನಕಾಯಿ ಕೊಳ್ಳುವಾಗ ಅಜ್ಜಿ ವ್ಯಾಪಾರಿಗೆ ಒಂದು ಮಾತು ಹೇಳುತ್ತಿದ್ದರು: "ತಟ್ಟೆ ಬದಲಿಸಿ ತೂಗಪ್ಪ." ತೂಕದ ಬಟ್ಟನ್ನು ಆ ತಟ್ಟೆಗೆ, ಮೆಣಸಿನಕಾಯಿಯನ್ನು ಈ ತಟ್ಟೆಗೆ. ಕೆಲವರು ಮುಖ ಗಂಟುಹಾಕುತ್ತಿದ್ದರು, ಕೆಲವರು ನಗುತ್ತಾ ಬದಲಿಸುತ್ತಿದ್ದರು. ನನಗೆ ಏಳೆಂಟು ವರ್ಷ, ಅಜ್ಜಿಗೆ ಜಗಳದ ಬುದ್ಧಿ ಎಂದುಕೊಂಡು ನಾಚಿಕೆಯಿಂದ ಅವರ ಸೆರಗಿನ ಹಿಂದೆ ನಿಲ್ಲುತ್ತಿದ್ದೆ. ತಕ್ಕಡಿಯ ಒಂದು ತೋಳು ಉದ್ದವಿದ್ದರೆ ಬಟ್ಟು ಎಷ್ಟೇ ಸಾಚಾ ಇದ್ದರೂ ತೂಕ ತಪ್ಪುತ್ತದೆ. ತಟ್ಟೆ ಬದಲಿಸಿದಾಗ ಮಾತ್ರ ಆ ತಪ್ಪು ಉಲ್ಟಾ ಆಗಿ ಹೊರಬೀಳುತ್ತದೆ. ಉಪಕರಣದ ದೋಷ ಉಪಕರಣದ ಜೊತೆಗೇ ತಿರುಗುತ್ತದೆ, ಲೋಕ ತಿರುಗುವುದಿಲ್ಲ. ಎರಡನ್ನೂ ಬಿಡಿಸಿ ನೋಡಲು ಬೇರೆ ಉತ್ತಮ ಉಪಕರಣ ಬೇಕಾಗಿಲ್ಲ, ಇರುವುದನ್ನೇ ತಿರುಗಿಸಿದರೆ ಸಾಕು. ಅಕ್ಷರ ಬಾರದ ಅಜ್ಜಿಗೆ ಇದು ಗೊತ್ತಿತ್ತು.

ಇಂದು ಅಂಗಡಿಯ ಬಟ್ಟುಗಳಿಗೆ, ತಕ್ಕಡಿಗಳಿಗೆ ಕಾನೂನು ಮಾಪನಶಾಸ್ತ್ರ ಇಲಾಖೆಯ ಮುದ್ರೆ ಇರಬೇಕು, ಕಾಲಕಾಲಕ್ಕೆ ಅದನ್ನು ಹೊಸದಾಗಿ ಒತ್ತಿಸಬೇಕು. ಅರ್ಧ ಕಿಲೋ ಬೇಳೆಗೆ ಇಷ್ಟು ಕಾವಲಿದೆ. ಮನೆಯೊಂದರ ನೆಲ, ಮಾಡು, ಬಚ್ಚಲಿನ ಇಳಿಜಾರು ಎಲ್ಲವನ್ನೂ ನಿರ್ಧರಿಸುವ, ಹುಡುಗರ ಬೈಕಿನ ಮೇಲೆ ಚೀಲದಲ್ಲಿ ಕುಲುಕಾಡಿ ಬರುವ ಈ ಪೆಟ್ಟಿಗೆಯನ್ನು ಕೆಲಸಕ್ಕೆ ಮುಂಚೆ ಯಾರೂ ಪರೀಕ್ಷಿಸುವುದಿಲ್ಲ. ಅದನ್ನು ನಾವೇ ಮಾಡಬೇಕು.

ಎರಡು ಗೋಡೆಗಳ ನಡುವೆ

ಭಾನುವಾರ ಸಂಜೆ ನಡುಮನೆಯ ಕಿಟಕಿ ಮುಚ್ಚಿ ದೀಪ ಆರಿಸಿದೆವು. ಪೂರ್ವದ ಗೋಡೆಗೂ ಪಶ್ಚಿಮದ ಗೋಡೆಗೂ ನಡುವೆ ಸರಿಯಾಗಿ 5 ಮೀಟರ್. ಉಪಕರಣವನ್ನು ಮುಕ್ಕಾಲಿಯ ಮೇಲೆ ಪೂರ್ವದ ಗೋಡೆಗೆ ಆದಷ್ಟು ಹತ್ತಿರ ನಿಲ್ಲಿಸಿ, ಗೆರೆಯನ್ನು ಆ ಗೋಡೆಯ ಮೇಲೆ ಬೀಳಿಸಿ ಗುರುತು ಹಾಕಿದೆವು. ಹಾಕುವುದು ಗೆರೆಯ ನಡುಮಧ್ಯಕ್ಕೆ; ಗೆರೆಗೇ ಎರಡು ಮಿಲಿಮೀಟರ್ ದಪ್ಪವಿರುತ್ತದೆ, ಒಮ್ಮೆ ಮೇಲಂಚಿಗೂ ಒಮ್ಮೆ ಕೆಳಂಚಿಗೂ ಹಾಕಿದರೆ ಪರೀಕ್ಷೆಯೇ ಕೆಟ್ಟಿತು. ಆಮೇಲೆ ಮುಕ್ಕಾಲಿಯ ಎತ್ತರ ಮುಟ್ಟದೆ ಪೆಟ್ಟಿಗೆಯನ್ನು ಮಾತ್ರ ಪೂರ್ತಿ ಹಿಂದಕ್ಕೆ ತಿರುಗಿಸಿ ಎದುರಿನ ಪಶ್ಚಿಮದ ಗೋಡೆಗೆ ಗೆರೆ ಬೀಳಿಸಿ ಅಲ್ಲೊಂದು ಗುರುತು. ಇಷ್ಟಾದ ಮೇಲೆ ಮುಕ್ಕಾಲಿಯನ್ನು ಎತ್ತಿಕೊಂಡು ಹೋಗಿ ಪಶ್ಚಿಮದ ಗೋಡೆಯ ಹತ್ತಿರ ನಿಲ್ಲಿಸಿ, ಗೆರೆ ಅಲ್ಲಿಯ ಗುರುತಿಗೆ ಸರಿಯಾಗಿ ಕೂರುವಂತೆ ಎತ್ತರ ಹೊಂದಿಸಿದೆವು. ಕೊನೆಗೆ ಮತ್ತೆ ಪೆಟ್ಟಿಗೆಯನ್ನು ಹಿಂದಕ್ಕೆ ತಿರುಗಿಸಿ ಪೂರ್ವದ ಗೋಡೆಯನ್ನು ನೋಡಿದೆವು. ಉಪಕರಣ ಸಾಚಾ ಆಗಿದ್ದರೆ ಗೆರೆ ಮೊದಲ ಗುರುತಿನ ಮೇಲೇ ಬೀಳಬೇಕಿತ್ತು. ಬೀಳಲಿಲ್ಲ. ಆರು ಮಿಲಿಮೀಟರ್ ಮೇಲೆ ನಿಂತಿತ್ತು.

ಹೋಗುವಾಗ ಒಂದು ಸಲ, ಬರುವಾಗ ಒಂದು ಸಲ, ಎರಡು ಸಲವೂ ಗೆರೆ ದೂರ ಹೋದಷ್ಟು ಮೇಲಕ್ಕೇರಿದೆ. ಆದ್ದರಿಂದ ಕಂಡ ವ್ಯತ್ಯಾಸ 10 ಮೀಟರಿನ ತಪ್ಪು. ಪೆಟ್ಟಿಗೆಯ ಮಾತಿನ ಪ್ರಕಾರ ಇಲ್ಲಿ 3 ಮಿಲಿಮೀಟರ್ ತನಕ ಕ್ಷಮೆಯಿದೆ. ಇದು ಅದರ ಎರಡರಷ್ಟು. ಮೀಟರಿಗೆ 0.6. ಇನ್ನೆರಡು ಸಲ ಮಾಡಿದೆವು: ಆರು, ಐದೂವರೆ. ಕೋಣೆ ಚಿಕ್ಕದಿದ್ದರೆ ಈ ಪರೀಕ್ಷೆಯಲ್ಲಿ ತಪ್ಪು ಕಣ್ಣಿಗೆ ಬೀಳುವುದು ಕಷ್ಟ, ಗೋಡೆಗಳು ದೂರವಿದ್ದಷ್ಟು ಒಳ್ಳೆಯದು. ಮನೆಯಲ್ಲಿ ಅಷ್ಟು ಉದ್ದದ ಜಾಗವಿಲ್ಲದವರು ಸಂಜೆಯ ಹೊತ್ತು ಅಂಗಳದಲ್ಲಿ ಎರಡು ಕಂಬ ನೆಟ್ಟು ಮಾಡಬಹುದು. ಭೂಮಿ ಗುಂಡಗಿದೆಯಲ್ಲ ಎಂದು ಹುಡುಗ ಕೇಳಿದ, ಒಳ್ಳೆಯ ಪ್ರಶ್ನೆ. ನೂರು ಮೀಟರ್ ದೂರಕ್ಕೆ ಭೂಮಿಯ ಬಾಗು ಒಂದು ಮಿಲಿಮೀಟರಿಗೂ ಕಡಿಮೆ, ನಮ್ಮ ಲೆಕ್ಕಕ್ಕೆ ಬರುವುದಿಲ್ಲ.

ಅಡ್ಡಗೆರೆ ಒಂದು ಕಡೆಗೆ ವಾಲಿದೆಯೇ ಎಂದೂ ನೋಡಬೇಕು, ಅದು ಬೇರೆ ದೋಷ. ಗೋಡೆಯಿಂದ ಐದು ಮೀಟರ್ ದೂರದಲ್ಲಿ ಉಪಕರಣವಿಟ್ಟು, ಗೋಡೆಯ ಮೇಲಿನ ಒಂದೇ ಚುಕ್ಕೆಗೆ ಮೊದಲು ಗೆರೆಯ ಎಡತುದಿ, ಆಮೇಲೆ ಪೆಟ್ಟಿಗೆಯನ್ನು ಹೊರಳಿಸಿ ಬಲತುದಿ ಬರುವಂತೆ ಮಾಡಿದೆವು. ಎರಡರ ನಡುವೆ ಒಂದು ಮಿಲಿಮೀಟರ್ ಇತ್ತು, ಚಿಂತೆಯಿಲ್ಲ. ಉದ್ದಗೆರೆಗೆ ಮೇಸ್ತ್ರಿಯ ತೂಗುಗುಂಡನ್ನೇ ಮಾಡಿನ ಕೊಕ್ಕೆಗೆ ಕಟ್ಟಿ ಇಳಿಬಿಟ್ಟೆವು. ಗುಂಡನ್ನು ನೀರಿನ ಬಕೆಟ್ಟಿನಲ್ಲಿ ಮುಳುಗಿಸಿದರು, ಬೇಗ ನಿಲ್ಲಲಿ ಎಂದು. ಎರಡೂವರೆ ಮೀಟರ್ ದಾರದ ಮೇಲೆ ಹಸಿರು ಗೆರೆ ಮೇಲಿಂದ ಕೆಳಗಿನವರೆಗೆ ಹತ್ತಿ ಕುಳಿತಿತು, ದಾರವೇ ಹೊತ್ತಿಕೊಂಡಂತೆ ಕಂಡಿತು. ಅಮ್ಮ ಬಾಗಿಲಲ್ಲಿ ನಿಂತು ನೋಡುತ್ತಿದ್ದರು. "ಎಷ್ಟು ಚೆನ್ನಾಗಿದೆ" ಎಂದರು.

ಅಲ್ಲಿಗೆ ದೋಷದ ರೂಪ ಸ್ಪಷ್ಟವಾಯಿತು. ನಮ್ಮ ಉಪಕರಣ ಅಕ್ಕಪಕ್ಕಕ್ಕೆ ವಾಲಿಲ್ಲ, ಮುಂದಕ್ಕೆ ನೋಡುವಾಗ ಮಾತ್ರ ತಲೆ ಸ್ವಲ್ಪ ಎತ್ತುತ್ತದೆ. ಸುತ್ತಲೂ ಗೆರೆ ಬೀರುವ ಬಗೆಯದಾದರೆ ನಾಲ್ಕೂ ಮುಖಗಳನ್ನು ಬೇರೆ ಬೇರೆಯಾಗಿ ಹೀಗೆ ಪರೀಕ್ಷಿಸಬೇಕು; ಒಂದು ಮುಖ ಸರಿಯಿದ್ದರೆ ಉಳಿದವೂ ಸರಿ ಎಂದುಕೊಳ್ಳುವಂತಿಲ್ಲ.

ನಡುವೆ ನಿಲ್ಲುವುದು

ಮೀಟರಿಗೆ 0.6 ತಪ್ಪಿದ್ದರೆ ಮನೆಯಲ್ಲಿ 13 ಹೇಗೆ ಬಂತು? ಹುಡುಗ ಗುರುತನ್ನು ಸಾಗಿಸಿದ ಬಗೆಯನ್ನು ಕೇಳಿ ತಿಳಿದೆವು. ನಡುಮನೆಯ ಕಂಬದ ಗುರುತಿನ ಅರ್ಧ ಮೀಟರ್ ಹತ್ತಿರ ಮುಕ್ಕಾಲಿ ನಿಲ್ಲಿಸಿ, ಗೆರೆಯನ್ನು ಗುರುತಿಗೆ ಹೊಂದಿಸಿ, ಬಾಗಿಲ ಮೂಲಕ ಆರು ಮೀಟರ್ ಆಚೆಯ ಅಡುಗೆಮನೆಯ ಗೋಡೆಗೆ ಎಸೆದಿದ್ದ. ಅಲ್ಲಿಂದ ಮತ್ತೆ ಹೊಸ ಗುರುತಿನ ಪಕ್ಕದಲ್ಲೇ ನಿಲ್ಲಿಸಿ ವರಾಂಡಕ್ಕೆ. ಅಲ್ಲಿಂದ ಅದರ ಇನ್ನೊಂದು ತುದಿಗೆ. ಅಲ್ಲಿಂದ ಅಮ್ಮನ ಕೋಣೆಗೆ. ನಾಲ್ಕು ನೆಗೆತ, ಪ್ರತಿ ನೆಗೆತದಲ್ಲೂ ಹತ್ತಿರದ ಗುರುತಿಗೆ ತಪ್ಪು ಬಹಳ ಕಡಿಮೆ, ದೂರದ ಗುರುತಿಗೆ ಪೂರ್ತಿ. ಒಂದೊಂದಕ್ಕೆ 3.3 ಮಿಲಿಮೀಟರ್. ಅಡುಗೆಮನೆಯ ಬಾಗಿಲಿನ ಗ್ರಾನೈಟ್ ಪಟ್ಟಿ ಅಷ್ಟನ್ನು ಮುಚ್ಚಿಕೊಂಡಿತು, ವರಾಂಡದ್ದೂ ಮುಚ್ಚಿಕೊಂಡಿತು. ನಾಲ್ಕೂ ಕೂಡಿ 13.2. ಕಾಗದದ ಮೇಲೆ ಆ ಮೊತ್ತ ಬಂದಾಗ ನಾನು ಬಹಳ ಹೊತ್ತು ಅದನ್ನೇ ನೋಡುತ್ತಾ ಕುಳಿತೆ. ಒಂದು ವಾರದ ಚಡಪಡಿಕೆ ಅಲ್ಲಿ ತಾಳೆಯಾಯಿತು.

ಆ ಮೇಲೆ ಹೊಳೆದ ಮಾತು ಹೆಚ್ಚು ನೋವಿನದು. ಉಪಕರಣ ಪೆಟ್ಟಿಗೆಯ ಮೇಲೆ ಬರೆದಷ್ಟೇ ತಪ್ಪಿದ್ದಿದ್ದರೂ, ಎಂದರೆ ಮೀಟರಿಗೆ 0.3 ಇದ್ದಿದ್ದರೂ, ನಾವು ಹೀಗೆಯೇ ಕೆಲಸ ಮಾಡಿದ್ದರೆ ಆರೂವರೆ ಮಿಲಿಮೀಟರ್ ಮೆಟ್ಟಿಲು ಬರುತ್ತಿತ್ತು. ದೋಷ ಉಪಕರಣದ್ದಷ್ಟೇ ಅಲ್ಲ, ನಾವು ನಿಂತ ಜಾಗದ್ದು.

ಇದನ್ನು ಹೇಳಿದ್ದೂ ಮೇಸ್ತ್ರಿಯೇ. ಇಪ್ಪತ್ತರ ಹರೆಯದಲ್ಲಿ ಅವರು ನಾಲೆಯ ಕೆಲಸದಲ್ಲಿ ಅಳತೆಯ ಕೋಲು ಹಿಡಿಯುವ ಆಳಾಗಿದ್ದರು. ದುರ್ಬೀನು ಇಟ್ಟ ಎಂಜಿನಿಯರರು ಪ್ರತಿ ಸಲ ಹೆಜ್ಜೆ ಎಣಿಸಿ, ಹಿಂದಿನ ಕೋಲಿಗೂ ಮುಂದಿನ ಕೋಲಿಗೂ ಸರಿಯಾಗಿ ನಡುವೆ ನಿಲ್ಲುತ್ತಿದ್ದರಂತೆ. "ಯಾಕೆ ಸ್ವಾಮಿ ಇಷ್ಟು ನಡೆಯುತ್ತೀರಿ, ಇಲ್ಲೇ ಇಡಬಾರದೇ ಎಂದು ಒಂದು ದಿನ ಕೇಳಿದೆ. ಯಂತ್ರ ಸುಳ್ಳು ಹೇಳಿದರೂ ಎರಡೂ ಕಡೆ ಒಂದೇ ಸುಳ್ಳು ಹೇಳಲಿ ಎಂದು ಅಂದರು" ಎಂದು ನೆನಪಿಸಿಕೊಂಡರು. ನಡುವೆ ನಿಂತರೆ ಗೆರೆ ಎರಡೂ ಗುರುತುಗಳಲ್ಲಿ ಸಮನಾಗಿ ಏರುತ್ತದೆ. ಎರಡೂ ಒಂದೇ ಎತ್ತರಕ್ಕೆ ತಪ್ಪಾಗಿರುವುದರಿಂದ ಅವುಗಳ ನಡುವಿನ ಮಟ್ಟ ಸರಿಯಾಗಿಯೇ ಉಳಿಯುತ್ತದೆ. ನಮ್ಮ ಹುಡುಗ ಪ್ರತಿ ಸಲ ಮೂರು ಮೀಟರ್ ಮುಂದೆ ಬಂದು ನಿಂತಿದ್ದರೆ ಇದೇ ಕೆಟ್ಟ ಉಪಕರಣದಿಂದ ನೆಲ ಸರಿಯಾಗಿ ಬಂದಿರುತ್ತಿತ್ತು. ಅದೇ ಮುಕ್ಕಾಲಿ, ಅದೇ ಗೆರೆ, ನಾಲ್ಕು ಹೆಜ್ಜೆ ಹೆಚ್ಚು.

ಇದನ್ನು ಬರೆಯುವಾಗ ಈಸ್ಟ್ ಇಂಡಿಯಾ ಕಂಪನಿಯ ಕಾಲದ ಬ್ರಿಟಿಷ್ ಸರ್ವೇ ಅಧಿಕಾರಿ ವಿಲಿಯಂ ಲ್ಯಾಂಬ್ಟನ್ ನೆನಪಾಗುತ್ತಾನೆ. 1802ರ ಏಪ್ರಿಲಿನಲ್ಲಿ ಮದರಾಸಿನ ಸೇಂಟ್ ಥಾಮಸ್ ಮೌಂಟ್ ಬಳಿ ಮೊದಲ ಆಧಾರರೇಖೆಯನ್ನು, ಎಂದರೆ ಉಳಿದೆಲ್ಲ ಲೆಕ್ಕಕ್ಕೆ ಬುಡವಾಗುವ ಉದ್ದವನ್ನು, ಸರಪಳಿಯಿಂದ ಅಳೆದು ತ್ರಿಕೋನಗಳ ಲೆಕ್ಕದಿಂದ ಇಡೀ ದೇಶವನ್ನು ಅಳೆಯಲು ಕೈಹಾಕಿದವನು. ಅಲ್ಲಿಂದ ತ್ರಿಕೋನಗಳ ಲೆಕ್ಕವನ್ನು ಒಂದಕ್ಕೊಂದು ಹೆಣೆಯುತ್ತಾ ಬೆಂಗಳೂರಿನ ತನಕ ಬಂದ ಮೇಲೆ ಆ ಲೆಕ್ಕವನ್ನೇ ನಂಬಿ ಮುಂದೆ ಹೋಗಲಿಲ್ಲ. 1804ರಲ್ಲಿ ಬೆಂಗಳೂರಿನ ಬಳಿ ಇನ್ನೊಂದು ಆಧಾರರೇಖೆಯನ್ನು ನೆಲದ ಮೇಲೆ ಅಳೆಸಿ ಲೆಕ್ಕದೊಂದಿಗೆ ತಾಳೆ ನೋಡಿದ. 1808ರಲ್ಲಿ ತಂಜಾವೂರಿನ ದೇವಸ್ಥಾನದ ಗೋಪುರಕ್ಕೆ ಕೋನ ಅಳೆಯುವ ಅವನ ಅರ್ಧ ಟನ್ ತೂಕದ ಥಿಯೊಡೊಲೈಟನ್ನು ಎಳೆಯುವಾಗ ಹಗ್ಗ ತುಂಡಾಗಿ ಅದು ಗೋಡೆಗೆ ಅಪ್ಪಳಿಸಿತು, ಡಿಗ್ರಿಗಳನ್ನು ಕೊರೆದಿದ್ದ ಅದರ ಚಕ್ರ ಸೊಟ್ಟಗಾಯಿತು. ಆರು ವಾರ ಅವನು ಡೇರೆಯೊಳಗೆ ಕುಳಿತು, ತಿರುಪು ಮತ್ತು ರಾಟೆಗಳಿಂದ ಎಳೆದು ಎಳೆದು ಆ ಚಕ್ರವನ್ನು ಮತ್ತೆ ದುಂಡಗೆ ತಂದ. ಆ ಅಳತೆಗಳು ಯಾರಿಗಾಗಿ, ಯಾವ ಆಳ್ವಿಕೆಗಾಗಿ ನಡೆದವು ಎಂಬುದು ಬೇರೆ ಮಾತು. ಬಿದ್ದ ಉಪಕರಣವನ್ನು ಪರೀಕ್ಷಿಸದೆ ಮತ್ತೆ ಬಳಸಲು ಒಪ್ಪದ ಆ ಹಟಕ್ಕೆ ನಾನು ತಲೆಬಾಗುತ್ತೇನೆ. ನಮ್ಮ ಲೇಸರ್ ಎಂದಾದರೂ ಬಿದ್ದಿತ್ತೇ ಎಂದು ಹುಡುಗನನ್ನು ಕೇಳಿದಾಗ ಅವನು ನಿಜ ಹೇಳಿದ. ವರಾಂಡದ ಕಟ್ಟೆಯಿಂದ ಒಂದು ಸಲ ಬಿದ್ದಿತ್ತು, ಮರಳಿನ ಮೇಲೆ, ಗುಂಡಿ ಒತ್ತಿದಾಗ ದೀಪ ಬಂತು, ಸರಿಯಿದೆ ಎಂದುಕೊಂಡ. ದೀಪ ಬಂದರೆ ಸರಿ ಎಂದು ನಾನೂ ಅಂದುಕೊಳ್ಳುತ್ತಿದ್ದೆ.

ತಿರುಪು

ಉಪಕರಣವನ್ನು ಅದರ ಕಂಪನಿಯ ಸೇವಾಕೇಂದ್ರಕ್ಕೆ ಕಳುಹಿಸಿದೆ. ಮೂರು ವಾರ ಬಿಟ್ಟು ವಾಪಸು ಬಂತು. ಜೊತೆಗೆ ಒಂದು ಹಾಳೆ: ಪರೀಕ್ಷಿಸಲಾಗಿದೆ, ಸರಿಯಿದೆ. ಎಷ್ಟಿತ್ತು, ಎಷ್ಟಾಯಿತು ಎಂಬ ಒಂದು ಅಂಕಿಯೂ ಅದರಲ್ಲಿರಲಿಲ್ಲ. ಅದೇ ಎರಡು ಗೋಡೆಗಳ ನಡುವೆ ಇಟ್ಟು ನೋಡಿದೆವು: ಐದು ಮಿಲಿಮೀಟರ್. ಅಂಕಿಯಿಲ್ಲದ ಪ್ರಮಾಣಪತ್ರಕ್ಕೆ ಬೆಲೆಯಿಲ್ಲ ಎಂದು ಲೆಕ್ಕ ಬರೆಯುವ ನನಗೆ ಮೊದಲೇ ತಿಳಿದಿರಬೇಕಿತ್ತು. ಹಣ ಕೊಟ್ಟು ಉಪಕರಣದ ಅಳತೆಯನ್ನು ಪರೀಕ್ಷಿಸಿ ಸರಿಪಡಿಸಿಕೊಳ್ಳುವವರು ಮುಂಚಿನ ತಪ್ಪು, ಆಮೇಲಿನ ತಪ್ಪು, ಎರಡನ್ನೂ ಬರಹದಲ್ಲಿ ಕೇಳಬೇಕು.

ಕೊನೆಗೆ ನಾನೇ ಬಿಚ್ಚಿದೆ. ಹೀಗೆ ಮಾಡಿ ಎಂದು ಯಾರಿಗೂ ಹೇಳುವುದಿಲ್ಲ. ವಾರಂಟಿ ಇರುವಾಗ, ಬಾಡಿಗೆಗೆ ತಂದಿರುವಾಗ ಖಂಡಿತ ಬೇಡ. ಪರೀಕ್ಷಿಸುವುದು ಪ್ರತಿಯೊಬ್ಬರ ಕೆಲಸ, ಬಿಚ್ಚುವುದು ಹಾಗಲ್ಲ. ಹೊರಗಿನ ಕವಚ ತೆಗೆದಾಗ ಲೋಲಕದ ತಳದಲ್ಲಿ ಎರಡು ಸಣ್ಣ ತಿರುಪುಗಳು ಕಂಡವು, ಒಂದು ಹಿಂದೆ ಮುಂದೆ, ಇನ್ನೊಂದು ಅಕ್ಕಪಕ್ಕ. ತಿರುಪು ಒಳಗೆ ಹೋದರೆ ಅದರ ತೂಕ ಕೂದಲೆಳೆಯಷ್ಟು ಆಚೆ ಸರಿಯುತ್ತದೆ, ಅಷ್ಟಕ್ಕೇ ಲೋಲಕ ತಾನು ತೂಗುವ ಭಂಗಿಯನ್ನು ಬದಲಿಸುತ್ತದೆ. ಕಾಲು ಸುತ್ತು ತಿರುಗಿಸಿದೆ, ಗೆರೆ ನಿಲ್ಲುವ ತನಕ ಕಾದೆ, ಗೋಡೆಯಿಂದ ಗೋಡೆಗೆ ಪೂರ್ತಿ ಪರೀಕ್ಷೆ ಮಾಡಿದೆ: ಎರಡು ಮಿಲಿಮೀಟರ್, ಈಗ ಕೆಳಗೆ. ಅತಿಯಾಯಿತು. ಅರ್ಧ ಹಿಂದಕ್ಕೆ. ಇನ್ನೊಂದು ಪರೀಕ್ಷೆ. ಎರಡು ತಿರುಪುಗಳು ಒಂದಕ್ಕೊಂದು ಹೊಂದಿಕೊಂಡಿರುವುದರಿಂದ ಇದನ್ನು ಸರಿಪಡಿಸುವಾಗ ಅಡ್ಡಗೆರೆ ತುಸು ವಾಲಿತು. ಅದನ್ನು ಸರಿಪಡಿಸಿ ಮತ್ತೆ ಇದಕ್ಕೆ ಬಂದೆ. ಸಂಜೆ ಆರಕ್ಕೆ ಕುಳಿತವನು ಏಳುವಾಗ ರಾತ್ರಿ ಹತ್ತೂವರೆ. 10 ಮೀಟರಿಗೆ ಒಂದು ಮಿಲಿಮೀಟರಿಗೆ ಬಂದು ನಿಂತಿತು. ಅದಕ್ಕಿಂತ ಮುಂದೆ ನನ್ನ ಕಣ್ಣೂ ಪೆನ್ಸಿಲೂ ಹೋಗಲಾರವು. ತಿರುಪು ಅಲುಗದಂತೆ ಮಗಳ ಉಗುರುಬಣ್ಣದ ಒಂದೊಂದು ಹನಿ ಬಿಟ್ಟೆ. ಬೆಳಿಗ್ಗೆ ಅದು ಒಣಗಿದ ಮೇಲೆ ಕವಚ ಹಾಕಿ ಮತ್ತೊಮ್ಮೆ ನೋಡಿದೆ, ಒಂದೇ ಇತ್ತು.

ಅಮ್ಮನ ಬಾಗಿಲ ಮುಂದಿನ ಎರಡು ಸಾಲು ಟೈಲ್ಸನ್ನು ಎಬ್ಬಿಸಿ, ಆ 13 ಮಿಲಿಮೀಟರನ್ನು 1.2 ಮೀಟರ್ ಉದ್ದಕ್ಕೆ ಹಂಚಿ ಇಳಿಜಾರಾಗಿ ಕೂಡಿಸಿದೆವು. ಬಚ್ಚಲಿನ ನೀರು ಹರಿಯಲು ಇಡುವಷ್ಟೇ ಇಳಿಜಾರು, ನಡೆಯುವವರಿಗೆ ತಿಳಿಯುವುದಿಲ್ಲ. ಅಮ್ಮನಿಗೂ ತಿಳಿದಿಲ್ಲ. ಮಗಳ ಗೋಲಿ ಮಾತ್ರ ಅಲ್ಲಿ ಬಿದ್ದರೆ ತಾನಾಗಿ ನಡುಮನೆಯ ಕಂಬದ ಬುಡಕ್ಕೆ ಉರುಳಿ ಬರುತ್ತದೆ. ಅದರ ಸದ್ದು ಕೇಳಿದಾಗಲೆಲ್ಲ ನನ್ನ ಕೈ ಕೆಲಸ ಬಿಟ್ಟು ನಿಲ್ಲುತ್ತದೆ.

ಉಪಕರಣದ ಬದಿಗೆ ಬಿಳಿ ಅಂಟುಪಟ್ಟಿ ಅಂಟಿಸಿ ತಾರೀಖು, ಅದರ ಮುಂದೆ ಮಿಲಿಮೀಟರ್ ಬರೆಯುವುದನ್ನು ಶುರು ಮಾಡಿದೆ. ಈಗ ಅದರಲ್ಲಿ ಏಳು ಸಾಲುಗಳಿವೆ. ಕಳೆದ ತಿಂಗಳು ಹುಡುಗ ಬೇರೆ ಊರಿನ ಕೆಲಸಕ್ಕೆಂದು ಅದನ್ನು ಕೇಳಿಕೊಂಡು ಬಂದಿದ್ದ. ಕೊಟ್ಟೆ. ಚಹಾ ಕುಡಿದು ಮುಗಿಸಿದವನು ಹೊರಡಲಿಲ್ಲ. ನಡುಮನೆಯ ಕಿಟಕಿ ಮುಚ್ಚಿ, ಪೂರ್ವದ ಗೋಡೆಯ ಹತ್ತಿರ ಮುಕ್ಕಾಲಿ ನಿಲ್ಲಿಸಿದ. ನಾನು ಪಶ್ಚಿಮದ ಗೋಡೆಯ ಬಳಿ ಪೆನ್ಸಿಲ್ ಹಿಡಿದು ನಿಂತೆ. ಒಂದು ಮಿಲಿಮೀಟರ್. ಅದನ್ನು ಪಟ್ಟಿಯ ಮೇಲೆ ತಾರೀಖಿನ ಜೊತೆ ಬರೆದು, ಲೋಲಕದ ಬೀಗ ಹಾಕಿ, ಟವೆಲಿನಲ್ಲಿ ಸುತ್ತಿ, ಬೈಕಿನ ಹಿಂದಿನ ಚೀಲಕ್ಕಲ್ಲ, ತನ್ನ ಬೆನ್ನಿನ ಚೀಲಕ್ಕೆ ಇಳಿಸಿಕೊಂಡು ಹೊರಟ.